ದಹಿಸರ್‌ನಿಂದ ಬಂದ ಶ್ರುತಿ

ಶಾಮಲಾ ಹಾಡಲು ಕೂತಳೆಂದರೆ ಇಡೀ ಮನೆಯೇ ಉಸಿರು ಬಿಗಿಹಿಡಿಯಬೇಕಿತ್ತು. ಫ್ಯಾನು ಬಂದ್. ಕಿಟಕಿ ಬಂದ್, ಅದಕ್ಕೆ ಒತ್ತಿ ನಿಲ್ಲಿಸಿದ ಹತ್ತಿಯ ಹಾಸಿಗೆ ಬೇರೆ. ನಲ್ಲಿ ತೊಟ್ಟಿಕ್ಕಿದರೂ ಸದ್ದಾಗದಿರಲೆಂದು ಅದರ ಕೆಳಗೊಂದು ಹಳೇ ಪಂಚೆಯ ತುಂಡು. ವಡಾಲದ ಆ ಬಿಲ್ಡಿಂಗಿನ ಬೆನ್ನಿಗೇ ಬಂದರಿನ ಗೂಡ್ಸ್ ಗಾಡಿಗಳ ಹಳಿ ಹಾದುಹೋಗಿತ್ತು. ಒಂದು ಗಾಡಿ ಹೋಗಿ ಇನ್ನೊಂದು ಬರುವ ನಡುವೆ ಸಿಕ್ಕ ಮೌನದಲ್ಲಿ ಅವಳು ದೇವಿಯನ್ನು ಸ್ತುತಿಸಿ ಮುಗಿಸಬೇಕು. ಮಧ್ಯಾಹ್ನದ ಸೆಕೆಗೆ ಬೆನ್ನ ಮೇಲೆ ಬೆವರಿಳಿದರೂ ಸೆರಗಿನಿಂದ ಗಾಳಿ ಹಾಕಿಕೊಳ್ಳುವ ಹಾಗಿಲ್ಲ. ಸೆರಗಿನ ಸದ್ದೂ ಮೈಕಿಗೆ ಬೀಳುತ್ತದೆ ಎಂದು ಕಂಪನಿಯವರು ಹೇಳಿದ್ದರು.

ಕ್ಯಾಸೆಟ್ಟಿನ ಭರಾಟೆಯ ಕಾಲ ಅದು. ಎಂಬತ್ತರ ದಶಕ ಮುಗಿಯುತ್ತಾ ಬಂದಿತ್ತು. ಪಾನ್ ಅಂಗಡಿಯಲ್ಲೂ ಕ್ಯಾಸೆಟ್ಟು, ಹೂವಿನವಳ ಬುಟ್ಟಿಯ ಪಕ್ಕದಲ್ಲೂ ಕ್ಯಾಸೆಟ್ಟು. ಶಾಮಲಾ ಹಾಡುತ್ತಿದ್ದ ಕಂಪನಿ ಘಾಟ್ಕೋಪರಿನ ಒಂದು ಗಲ್ಲಿಯಲ್ಲಿತ್ತು. ದೊಡ್ಡ ಹೆಸರೇನಲ್ಲ. ಸ್ಟುಡಿಯೋ ಇಟ್ಟುಕೊಳ್ಳುವ ತಾಕತ್ತು ಇಲ್ಲದ್ದಕ್ಕೆ ಅವರೊಂದು ಉಪಾಯ ಹೂಡಿದ್ದರು. ಪೇಟಿ, ಅಂದರೆ ಹಾರ್ಮೋನಿಯಂ, ಬಾರಿಸುವವರ ಮನೆಗೊಂದು ರೆಕಾರ್ಡಿಂಗ್ ಮಷೀನು, ಹಾಡುವವರ ಮನೆಗೊಂದು ಮಷೀನು. ಪೇಟಿಯ ಟೇಪು ಮೊದಲು ಘಾಟ್ಕೋಪರಿಗೆ ಹೋಗುವುದು, ಅಲ್ಲಿ ಅದರ ಕಾಪಿ ತೆಗೆದು ಹಾಡುವವರ ಮನೆಗೆ ತರುವುದು. ಹಾಡುವವರು ಕಿವಿಗೆ ಹೆಡ್‌ಫೋನ್ ಸಿಕ್ಕಿಸಿಕೊಂಡು ಅದೇ ಟೇಪಿನ ಇನ್ನೊಂದು ಪಟ್ಟಿಯ ಮೇಲೆ ಹಾಡಿ ತುಂಬಿಸಿಕೊಡುವುದು. ಒಬ್ಬರ ಮುಖ ಒಬ್ಬರು ನೋಡುವ ಪ್ರಮೇಯವೇ ಇಲ್ಲ. ಮದುವೆಯ ಗಂಡು ಒಂದೂರಲ್ಲಿ, ಹೆಣ್ಣು ಇನ್ನೊಂದೂರಲ್ಲಿ, ನಡುವೆ ಮಾಂಗಲ್ಯ ಹೊತ್ತು ಓಡಾಡುವವನೊಬ್ಬ ಇದ್ದ ಹಾಗೆ.

ಓಡಾಡುವವನ ಹೆಸರು ಶೇಖರ. ಉಡುಪಿ ಕಡೆಯವನು. ಬಾಯಿ ತೆರೆದರೆ ಬೆಲ್ಲ.

ಶಾಮಲಾಳ ಗಂಡ ಜಯಸಿಂಹ ಬಂದರಿನ ಆಫೀಸಿನಲ್ಲಿ ಗುಮಾಸ್ತ. ಇಬ್ಬರೂ ಮೈಸೂರಿನವರು. ಮಕ್ಕಳಿರಲಿಲ್ಲ. ಗಂಡ ಆಫೀಸಿಗೆ ಹೋದ ಮೇಲೆ ಉಳಿದ ಉದ್ದಾನುದ್ದ ಹಗಲಿಗೆ ಆ ಮಷೀನು ಬಂದು ಕೂತಾಗ ಅವಳಿಗೆ ಮನೆಗೆ ದೇವರೇ ಬಂದಷ್ಟು ಹಿಗ್ಗು. ಮೊದಮೊದಲು ವಾರಕ್ಕೊಂದು ದಿನ ಅವಳೇ ಘಾಟ್ಕೋಪರಿಗೆ ಹೋಗಿ, ತನ್ನ ಹಾಡಿಗೆ ಪೇಟಿ ಕೂಡಿಸುವುದನ್ನು ಕೇಳಿ ಬರುತ್ತಿದ್ದಳು. ಮಿಕ್ಕ ದಿನವೆಲ್ಲ ಮನೆಯಲ್ಲೇ. ಆಮೇಲೆ ಶೇಖರನೇ ಹೇಳಿದ, ‘ನೀವು ಎಂತಕ್ಕೆ ಆ ಲೋಕಲಿನ ರಶ್ಶಿನಲ್ಲಿ ಬರೋದು ಅಕ್ಕ? ನಾನು ಉಂಟಲ್ಲ.’ ಅವಳು ಹೋಗುವುದು ನಿಂತಿತು.

ಪೇಟಿಯವರು ದಹಿಸರಿನಲ್ಲಿದ್ದರು. ಭೀಮರಾಯ ಮಾಸ್ತರು. ಗದಗಿನ ಕಡೆ ನಾಟಕ ಕಂಪನಿಗಳಲ್ಲಿ ಪೇಟಿ ನುಡಿಸಿ ಹಣ್ಣಾದವರು, ಮೊಣಕಾಲು ಹಿಡಿದು ಮನೆ ಬಿಟ್ಟು ಏಳಲಾರರು, ಎಂದಷ್ಟೇ ಶೇಖರ ಹೇಳಿದ್ದ. ಅವರನ್ನು ಶಾಮಲಾ ಕಂಡಿರಲಿಲ್ಲ. ಕೇಳಿದ್ದಳು ಮಾತ್ರ. ಟೇಪಿನ ಮೊದಲಲ್ಲಿ ಅವರ ಮಾತಿರುತ್ತಿತ್ತು.

‘ನಮಸ್ಕಾರ್ರೀ ತಂಗಿ. ಬಿಳಿ ಐದು ಹಿಡದೀನಿ. ಎದುರಿಗೆ ಹಿಟ್ಟಿನ ಗಿರಣಿ ಸುರು ಆಗೇತಿ, ಗರಗರ ಅಂತ ಕೇಳಿದ್ರ ಅದು ನಾ ಅಲ್ಲ ಮತ್ತ. ಹೂಂ, ಬರ್ರಿ, ನಡೀಲಿ.’

ಕಂಚಿನ ಕೊಳಗಕ್ಕೆ ನೀರು ಬಿದ್ದಂಥ ದಪ್ಪ ದನಿ. ಶಾಮಲಾ ಒಬ್ಬಳೇ ನಗುತ್ತಿದ್ದಳು. ಹಾಡು ಮುಗಿಸಿ ತಾನೂ ಎರಡು ಮಾತು ತುಂಬುತ್ತಿದ್ದಳು, ‘ನಮಸ್ಕಾರ ಮೇಷ್ಟ್ರೇ, ಮೂರನೇ ಚರಣಕ್ಕೆ ಎಷ್ಟು ಚೆನ್ನಾಗಿ ಎತ್ತಿಕೊಟ್ಟಿರಿ.’ ಶೇಖರ ಟೇಪು ಚೀಲಕ್ಕೆ ಹಾಕಿಕೊಳ್ಳುತ್ತಾ, ‘ಕೇಳಿಸ್ತೇನೆ ಅಕ್ಕ, ಅವರಿಗೆ ಭಾರೀ ಖುಷಿ’ ಅನ್ನುತ್ತಿದ್ದ.

ಬಿಳಿ ಐದು, ಅಂದರೆ ಪೇಟಿಯ ಐದನೆಯ ಬಿಳಿ ಮನೆ, ಅವಳ ಶ್ರುತಿ. ಒಬ್ಬೊಬ್ಬರ ಕಾಲಿಗೆ ಒಂದೊಂದು ಅಳತೆಯ ಚಪ್ಪಲಿ ಇದ್ದ ಹಾಗೆ ಒಬ್ಬೊಬ್ಬರ ಗಂಟಲಿಗೆ ಪೇಟಿಯ ಮೇಲೆ ಒಂದೊಂದು ಮನೆ. ಮೈಸೂರಿನಲ್ಲಿ ಅವಳ ಸೋದರತ್ತೆ ಸರಸ್ವತಿ ಪಾಠ ಹೇಳುವಾಗ ಹುಡುಕಿಕೊಟ್ಟ ಮನೆ ಅದು. ಅಲ್ಲಿ ಅವಳು ಹಾಡಿದರೆ ಬೆಣ್ಣೆಯಲ್ಲಿ ಕೈಯಾಡಿಸಿದ ಹಾಗೆ.

ಆ ವರ್ಷ ಯುಗಾದಿ ಕಳೆದ ಮೇಲೆ ಒಂದು ದಿನ ಶೇಖರ ಕಾಫಿ ಲೋಟ ಕೆಳಗಿಟ್ಟು ಹೇಳಿದ, ‘ಒಂದು ಮಾತು ಹೇಳ್ಲಿಕ್ಕುಂಟು ಅಕ್ಕ. ಬೇಜಾರ್ ಮಾಡ್ಬಾರ್ದು. ನಾನು ಹೇಳೋದಲ್ಲ, ಮಾಸ್ತರರು ಹೇಳಿದ್ದು. ಈ ಅಕ್ಕನ ಸ್ವರ ಐದರಲ್ಲಿ ಮಲಗಿಬಿಡ್ತದೆ, ಚೂರು ಮೇಲೆ ಒಯ್ದರೆ ಎದ್ದು ಕೂತ್ಕೊಳ್ತದೆ ಅಂತ. ಈ ಸಲ ಐದೂವರೆ ಹಿಡಿದಿದ್ದಾರೆ. ನೋಡಿ, ಆಗ್ತದಾ?’

ಶಾಮಲಾಳಿಗೆ ಒಳಗೊಳಗೇ ಪುಳಕವಾಯಿತು ಅನ್ನಿ. ಅಷ್ಟು ದೊಡ್ಡ ಕಲಾವಿದರು ತನ್ನ ದನಿಯ ಬಗ್ಗೆ ಕೂತು ಯೋಚಿಸಿದ್ದಾರೆ! ಕೇಳಿಕೊಂಡು ಬಂದ ಸಂಸ್ಕಾರವೂ ಹಾಗೇ ಇತ್ತು. ಹಿರಿಯರು ಹಿಡಿದ ಶ್ರುತಿಗೆ ಎದುರು ಮಾತು ಆಡಬಾರದು. ‘ಆಗದೆ ಏನು, ನೋಡ್ತೀನಿ’ ಅಂದಳು.

ಆ ಟೇಪಿನ ಮೊದಲಲ್ಲಿ ಮಾಸ್ತರರ ಮಾತು ಇರಲಿಲ್ಲ. ನೇರ ಪೇಟಿಯೇ ಶುರುವಾಗಿತ್ತು. ಅವಸರದಲ್ಲಿದ್ದರೇನೋ ಅಂದುಕೊಂಡಳು. ಮುಂದಿನ ಟೇಪಿನಲ್ಲೂ ಇರಲಿಲ್ಲ, ಅದರ ಮುಂದಿನದರಲ್ಲೂ ಇರಲಿಲ್ಲ. ತಾನು ಏನಾದರೂ ತಪ್ಪು ಆಡಿದೆನೇ ಎಂದು ಹಿಂದಿನ ತನ್ನ ಮಾತುಗಳನ್ನೆಲ್ಲ ಅಗೆದು ನೋಡಿಕೊಂಡಳು. ಕೇಳೋಣವೆಂದರೆ ಸಂಕೋಚ. ಆಮೇಲೆ ಅವಳೂ ಟೇಪಿಗೆ ಮಾತು ತುಂಬುವುದನ್ನು ಬಿಟ್ಟಳು.

ಐದೂವರೆ ಆರಾಯಿತು. ‘ಮಾಸ್ತರರು ಹೇಳಿದ್ರು’ ಎಂಬ ಒಂದು ಮಾತು ಸಾಕಾಗುತ್ತಿತ್ತು. ಆಷಾಢದ ಹೊತ್ತಿಗೆ ಆರೂ ದಾಟಿತು. ಆಗೊಂದು ವಿಚಿತ್ರವನ್ನು ಅವಳು ಗಮನಿಸಿದಳು. ತನ್ನ ಶ್ರುತಿಪೆಟ್ಟಿಗೆಯಲ್ಲಿ ಆರು ಹಿಡಿದರೂ ಟೇಪಿಗೆ ಹೊಂದದು, ಆರೂವರೆ ಹಿಡಿದರೂ ಹೊಂದದು. ಪೇಟಿ ಎರಡು ಮನೆಗಳ ನಡುವಿನ ಗೋಡೆಯ ಮೇಲೆ ಕೂತ ಹಾಗಿತ್ತು. ಅದರ ಉಸಿರೂ ಬದಲಾಗಿತ್ತು. ತಿದಿ ಒತ್ತುವಾಗ ಮೊದಲು ಹಾಯಾಗಿ ಬರುತ್ತಿದ್ದ ಗಾಳಿ ಈಗ ಏದುಸಿರು ಬಿಟ್ಟ ಹಾಗೆ ಕೇಳುತ್ತಿತ್ತು. ಹಾಡಿನ ನಡಿಗೆಯೂ ಅಷ್ಟೇ, ಹಿಂದಿನಿಂದ ಯಾರೋ ಅಟ್ಟಿಸಿಕೊಂಡು ಬರುತ್ತಿರುವ ಹಾಗೆ.

‘ಮೇಷ್ಟ್ರು ಹೊಸ ಪೇಟಿ ಕೊಂಡರಾ?’ ಎಂದು ಶೇಖರನನ್ನು ಕೇಳಿದಳು.

‘ಅದೆಲ್ಲ ನಿಮ್ಗೆ ಹೇಗೆ ಗೊತ್ತಾಯ್ತು ಮಾರಾಯ್ರೆ! ಭಾರೀ ಕಿವಿ ನಿಮ್ದು’ ಎಂದು ಅವನು ನಕ್ಕ. ಹೌದೆನ್ನಲಿಲ್ಲ, ಅಲ್ಲವೆನ್ನಲಿಲ್ಲ.

ಅವಳ ಗಂಟಲು ಬೆಳಿಗ್ಗೆ ಏಳುವ ಹೊತ್ತಿಗೆ ಬೀಗ ಹಾಕಿದ ಹಾಗೆ ಇರತೊಡಗಿತು. ಬಿಸಿನೀರು, ಮೆಣಸಿನ ಕಷಾಯ, ಜ್ಯೇಷ್ಠಮಧು, ಎಲ್ಲ ಆಯಿತು. ಹಾಲಿನವನನ್ನು ಬಾಲ್ಕನಿಯಿಂದ ಕೂಗಲು ಹೋದರೆ ದನಿ ಎರಡು ಸೀಳಾಗಿ ಒಡೆಯಿತು. ಹಾಡಿ ಮುಗಿಸಿದ ಮೇಲೆ ನಾಲಿಗೆಯ ಬುಡದಲ್ಲಿ ತುಕ್ಕು ಹಿಡಿದ ಮೊಳೆ ಚೀಪಿದ ರುಚಿ.

ಜಯಸಿಂಹನಿಗೆ ಮೊದಲು ಅದು ತಮಾಷೆ. ‘ಬಿಲ್ಡಿಂಗಿನ ಗಂಡಸರೆಲ್ಲ ನನ್ನನ್ನ ಕೇಳ್ತಿದ್ದಾರೆ ಕಣೇ, ಯಾವ ದೇವರಿಗೆ ಹರಕೆ ಹೊತ್ರೆ ಹೆಂಡತಿ ಗಂಟಲು ಹೀಗೆ ಕೂರತ್ತೆ ಅಂತ.’

‘ನಿಮ್ಮ ಗೊರಕೆ ನಿಲ್ಲಕ್ಕೆ ನಾನು ಹೊತ್ತ ಹರಕೆ ಅದು. ಅಡ್ರೆಸ್ ತಪ್ಪಿ ನನಗೇ ತಟ್ಟಿದೆ.’

ಅಂದಳೇನೋ, ಆದರೆ ಆ ಮಾತಿನ ಅರ್ಧಕ್ಕೇ ದನಿ ಹೋಯಿತು. ಕೊನೆಯ ಮಾತುಗಳನ್ನು ಅವಳ ತುಟಿ ಮಾತ್ರ ಆಡಿತು. ಜಯಸಿಂಹನ ನಗು ಮುಖದ ಮೇಲೇ ಆರಿಹೋಯಿತು. ಮರುದಿನವೇ ಮಾತುಂಗದ ಗಂಟಲ ಡಾಕ್ಟರ ಹತ್ತಿರ ಕರೆದೊಯ್ದ. ಡಾಕ್ಟರು ಪುಟ್ಟ ಕನ್ನಡಿ ಒಳಗಿಟ್ಟು ನೋಡಿ, ಕೈ ತೊಳೆದುಕೊಳ್ಳುತ್ತಾ ಹೇಳಿದರು. ದನಿಯ ಎಳೆಗಳ ಮೇಲೆ ಗಂಟು ಎದ್ದಿದೆ, ರಕ್ತ ಒಸರಿದೆ. ಮಾತೇ ಆಡಬೇಡಿ. ಇದೇ ರೀತಿ ಎಳೆದರೆ ಹಾಡು ಹಾಗಿರಲಿ, ಮಾತಾಡಲೂ ದನಿ ಉಳಿಯುವುದಿಲ್ಲ.

ಆದರೆ ನವರಾತ್ರಿಯ ಕ್ಯಾಸೆಟ್ಟು ಅರ್ಧಕ್ಕೆ ನಿಂತಿತ್ತು. ಮಾಸ್ತರರು ಎಲ್ಲ ಹಾಡಿಗೂ ಪೇಟಿ ನುಡಿಸಿ ಕಳಿಸಿಯಾಗಿದೆ, ಕಾಯುತ್ತಿದ್ದಾರೆ ಎಂದು ಶೇಖರ ಹೇಳಿಹೋಗಿದ್ದ. ಮೊಣಕಾಲು ನೋವಿನ ಮುದುಕರು ಕೂತು ನುಡಿಸಿದ್ದು ನನ್ನಿಂದ ಹಾಳಾಗುವುದೇ? ಇದೊಂದು ಮುಗಿಸಿಬಿಡುತ್ತೇನೆ, ಆಮೇಲೆ ಮೌನ ಎಂದು ಅವಳು ಲೆಕ್ಕ ಹಾಕಿದಳು. ಜಯಸಿಂಹ ಆಫೀಸಿಗೆ ಹೋದ ಮೇಲೆ ಹಾಸಿಗೆಯನ್ನು ಕಿಟಕಿಗೆ ಒರಗಿಸಿದಳು.

ಹಾಡಿದಳು. ಮೇಲಿನ ಷಡ್ಜಕ್ಕೆ ಹೋದಾಗ ಒಳಗೆ ಏನೋ ಹರಿದ ಹಾಗಾಯಿತು, ಹಳೇ ಸೀರೆ ಹರಿಯುವಾಗ ಆಗುವಂಥದು. ಆದರೂ ಮುಗಿಸಿದಳು. ಮುಗಿಸಿ ಹಾಗೆಯೇ ನೆಲದ ಮೇಲೆ ಅಡ್ಡಾದಳು. ಹೆಡ್‌ಫೋನ್ ತೆಗೆಯಲಿಲ್ಲ, ಮಷೀನು ನಿಲ್ಲಿಸಲಿಲ್ಲ. ಟೇಪು ಖಾಲಿ ಸುತ್ತುತ್ತಿತ್ತು. ಬಹಳ ಹೊತ್ತು ಬರೀ ಗಾಳಿಯ ಸದ್ದು.

ಆಮೇಲೆ ಕಿವಿಯೊಳಗೆ ಯಾರೋ ಮಾತಾಡಿದರು.

ಎಳೇ ಮಗುವಿನ ದನಿ. ಚಿಲಿಪಿಲಿ, ಗಡಿಬಿಡಿ, ಉಸಿರು ತೆಗೆದುಕೊಳ್ಳಲೂ ಪುರಸೊತ್ತಿಲ್ಲದ ಹಾಗೆ. ಯಾರ ಮನೆಯ ಕೂಸಪ್ಪ ಇದು, ಪೇಟಿಯ ಹತ್ತಿರ ಬಂದು ಕೂತಿದೆ ಎಂದು ಮೊದಲು ಅವಳಿಗೆ ನಗು ಬಂತು. ಆಮೇಲೆ ಮಾತು ತಿಳಿಯಿತು.

‘ತಂಗಿ, ಬಿಳಿ ಐದಕ್ಕ ಆರಾಮ ಆತಲ್ರೀ? ಬಾಳ ದಿನಾ ಆತು, ನಿಮ್ದೊಂದು ಮಾತಿಲ್ಲ, ಕತಿಯಿಲ್ಲ. ಸಿಟ್ಟು ಬಂದೈತೇನು?’

ಶಾಮಲಾ ಎದ್ದು ಕೂತಳು. ಟೇಪನ್ನು ಹಿಂದಕ್ಕೆ ಸುತ್ತಿ ಮತ್ತೆ ಕೇಳಿದಳು. ಮಾತು ಭೀಮರಾಯ ಮಾಸ್ತರರದು. ದನಿ ಮಾತ್ರ ಕೂಸಿನದು. ಬಿಳಿ ಐದು ಎನ್ನುತ್ತಿದ್ದಾರೆ, ಆದರೆ ಪೇಟಿ ಎಲ್ಲೋ ಆಕಾಶದಲ್ಲಿದೆ. ಗಾಳಿಯ ಏದುಸಿರು, ಅಟ್ಟಿಸಿಕೊಂಡು ಬರುವ ನಡಿಗೆ, ಎರಡು ಮನೆಯ ನಡುವಿನ ಗೋಡೆ, ಎಲ್ಲಕ್ಕೂ ಒಂದೇ ಉತ್ತರ ಸಿಕ್ಕಿತು. ಮಾಸ್ತರರು ಐದರಲ್ಲೇ ನುಡಿಸಿದ್ದಾರೆ. ನಡುವೆ ಯಾರೋ ಟೇಪಿನ ಓಟ ಹೆಚ್ಚಿಸಿದ್ದಾರೆ. ಓಟ ಹೆಚ್ಚಿದರೆ ಶ್ರುತಿ ಏರುತ್ತದೆ, ಜೊತೆಗೆ ಮನುಷ್ಯರ ಮಾತು ಮಗುವಿನ ಮಾತಾಗುತ್ತದೆ. ಮೊದಲಿನ ಮಾತನ್ನು ಅದಕ್ಕೇ ಕತ್ತರಿಸಿ ಕಳಿಸುತ್ತಿದ್ದರು. ಕೊನೆಯಲ್ಲಿ ಮುದುಕರು ಆಡಿದ್ದು ಕತ್ತರಿಸುವವರ ಕಿವಿಗೆ ಬೀಳದೆ ಉಳಿದುಬಿಟ್ಟಿತ್ತು.

ಮರುದಿನ ಅವಳು ದಹಿಸರಿಗೆ ಹೊರಟಳು. ವಡಾಲದಿಂದ ಬಾಂದ್ರಾ, ಅಲ್ಲಿಂದ ಇನ್ನೊಂದು ಲೋಕಲು. ಲೇಡೀಸ್ ಡಬ್ಬಿಯಲ್ಲಿ ಪಕ್ಕದ ಹೆಂಗಸು ‘ಬಸಾ ನಾ’ ಎಂದು ಜಾಗ ಮಾಡಿಕೊಟ್ಟರೆ ‘ಥ್ಯಾಂಕ್ಸ್’ ಎನ್ನಲೂ ದನಿ ಬರಲಿಲ್ಲ. ತಲೆಯಾಡಿಸಿ ಕೂತಳು. ಗಾಡಿಯ ಗದ್ದಲದಲ್ಲಿ ಎಲ್ಲರೂ ಕಿರುಚಿ ಮಾತಾಡುತ್ತಿದ್ದರು. ಪೂರಾ ಡಬ್ಬಿಯಲ್ಲಿ ತಾನೊಬ್ಬಳೇ ನೀರಿನ ತಳದಲ್ಲಿ ಕೂತ ಹಾಗೆ ಅವಳಿಗೆ ಅನ್ನಿಸಿತು.

ದಹಿಸರಿನಲ್ಲಿ ಕನ್ನಡದ ಪೇಟಿ ಮಾಸ್ತರರು, ಎದುರಿಗೆ ಹಿಟ್ಟಿನ ಗಿರಣಿ ಎಂದು ಪಿಸುಮಾತಿನಲ್ಲೇ ಕೇಳುತ್ತಾ ಹೋದಳು. ಮೂರನೆಯ ಗಿರಣಿಯ ಎದುರಿನ ಚಾಳಿನಲ್ಲಿ ಸಿಕ್ಕರು. ಹೊಸ್ತಿಲಲ್ಲಿ ಅಕ್ಕಿ ಆರಿಸುತ್ತಾ ಕೂತಿದ್ದ ಹೆಂಗಸು ತಲೆ ಎತ್ತಿದಳು. ಮಾಸ್ತರರ ಹೆಂಡತಿ ಬಸಲಿಂಗವ್ವ.

‘ಯಾರ ಬೇಕವ್ವಾ?’

‘ನಾನು ಶಾಮಲಾ. ವಡಾಲದಿಂದ. ಹಾಡ್ತೀನಲ್ಲ…’

ಬಸಲಿಂಗವ್ವ ಮೊರ ಕೆಳಗಿಟ್ಟು ಅವಳನ್ನೇ ದಿಟ್ಟಿಸಿದಳು. ‘ಹಾಡೋ ತಂಗೀನ? ಈ ದನಿ ಅಲ್ಲವ್ವಾ ಅದು!’ ಎಂದು ಒಳಗೆ ಕೂಗಿದಳು, ‘ಏ ಇವರ, ನಿಮ್ಮ ಸಿಟ್ಟಿನ ತಂಗಿ ಬಂದಾಳ ನೋಡ್ರಿ. ಗಂಟಲಾಗ ಏನೋ ಆಗೇತಿ.’

ಮಾಸ್ತರರು ಕಾಲು ಚಾಚಿ ಗೋಡೆಗೆ ಒರಗಿ ಕೂತಿದ್ದರು. ಅವಳು ಅಂದುಕೊಂಡದ್ದಕ್ಕಿಂತ ಸಣ್ಣ ಆಳು. ಆ ಕಂಚಿನ ದನಿ ಆ ಮೈಯೊಳಗೆ ಎಲ್ಲಿ ಇಟ್ಟುಕೊಂಡಿದ್ದರೋ. ಅವಳು ಪಿಸುಪಿಸು ಹೇಳಿದ್ದನ್ನೆಲ್ಲ ಅವರು ಕಣ್ಣು ಮುಚ್ಚಿ ಕೇಳಿದರು.

‘ನಾ ಮ್ಯಾಲೆ ಹಿಡಿ ಅಂತ ಹೇಳಿಲ್ಲ ತಂಗಿ,’ ಅಂದರು ಕೊನೆಗೆ. ‘ಆ ಶೇಖರ ಬಂದು, ಅಕ್ಕಾರು ಆರು ಬೇಕಂತಾರ ಅಂದ. ನಾ ಬ್ಯಾಡ ಅಂದೆ. ಈ ದನಿ ಐದರಾಗ ಮನಿ ಮಾಡೇತಿ, ಮ್ಯಾಲೆ ಒಯ್ದರ ಹರೀತದ ಅಂತ ಬಡಕೊಂಡೆ. ಆತು ಬಿಡ್ರಿ, ಐದರಾಗ ನುಡಸ್ರಿ ಅಂತ ಹೋದ. ನೀವು ಐದರಾಗೇ ಹಾಡಾಕತ್ತೀರಿ ಅಂತ ತಿಳದಿದ್ದೆ.’

‘ಒಂದು ಮಾತು ಕೇಳಿದ್ರೆ ಆಗ್ತಿತ್ತು ನಾನು.’

‘ನಾನರ ಎಲ್ಲಿ ಲಗೂನ ಕೇಳಿದೆ? ಯುಗಾದಿ ಆದಾಗಿಂದ ನಿಮ್ಮ ಮಾತು ಒಂದೂ ನನಗ ಮುಟ್ಟಿಲ್ಲ. ಮೈಸೂರಿನವರು, ದೊಡ್ಡ ಮಂದಿ, ನಮ್ಮಂಥವರ ಕೂಡ ಏನು ಮಾತಾಡ್ತಾರ ಅಂತ ಸುಮ್ಮನಾದೆ.’

ಮುದುಕರು ತಮ್ಮ ಮೊಣಕಾಲನ್ನು ಒತ್ತಿಕೊಂಡರು. ಎದುರಿನ ಗಿರಣಿ ಜೋಳ ಅರೆಯುತ್ತಿತ್ತು. ಗೋಡೆಗೆ ತೂಗುಹಾಕಿದ ತಟ್ಟೆಗಳು ಅದರ ಸದ್ದಿಗೆ ಸಣ್ಣಗೆ ನಡುಗುತ್ತಿದ್ದವು.

ಹಾಗೆ ಕೂತಿದ್ದಾಗಲೇ ಬಾಗಿಲ ಬೆಳಕಿಗೆ ಅಡ್ಡ ಬಂದವನು ಶೇಖರ. ಮುಂದಿನ ಕ್ಯಾಸೆಟ್ಟಿಗೆ ಪೇಟಿಯ ಟೇಪು ಒಯ್ಯಲು ಬಂದಿದ್ದ. ಶಾಮಲಾಳನ್ನು ನೋಡಿ ಒಂದು ಗಳಿಗೆ ನಿಂತ. ಆಮೇಲೆ ಚಪ್ಪಲಿ ಬಿಟ್ಟು ಒಳಗೆ ಬಂದು ನಗುತ್ತಲೇ ಕೂತ.

‘ಓ, ಅಕ್ಕ ಇಲ್ಲೇ! ಒಳ್ಳೇದಾಯ್ತು ಮಾರಾಯ್ರೆ.’

‘ಶೇಖರಾ,’ ಮಾಸ್ತರರು ಅಂದರು, ‘ನಾ ಐದು ಹಿಡದಿದ್ದೆ. ಈ ತಂಗಿಗೆ ಏನು ಮುಟ್ಟಿಸಿದಿ?’

‘ಅದು ಮಷೀನಿನಲ್ಲಿ ಒಂದು ಗುಂಡಿ ಉಂಟು ಮಾಸ್ತರೆ. ಚೂರು ತಿರುಗಿಸಿದ್ರೆ ಚೂರು ಏರ್ತದೆ.’ ಅವನ ದನಿಯಲ್ಲಿ ಅಳುಕಿನ ಎಳೆಯೂ ಇರಲಿಲ್ಲ. ‘ಜನಕ್ಕೆ ಎಳೇ ಹುಡುಗಿಯ ಸ್ವರ ಬೇಕು. ಐದರಲ್ಲಿ ಹಾಡಿದ್ರೆ ಅಜ್ಜಿ ಹಾಡಿದ ಹಾಗೆ ಆಗ್ತದೆ ಅಂತ ನಮ್ಮ ಕಂಪನಿಯ ಸೇಠ್ ಹೇಳ್ತಾರೆ. ನೀವು ಮೇಲೆ ಹಿಡೀಲಿಕ್ಕೆ ಒಪ್ಪಲ್ಲ. ನೀವು ಹೇಳಿದ್ರಿ ಅಂದ್ರೆ ಮಾತ್ರ ಅಕ್ಕ ಒಪ್ತಾರೆ. ನಡುವಿನವ ನಾನು ಎಂತ ಮಾಡ್ಲಿ? ಈಗ ಹೇಗೂ ಗೊತ್ತಾಯ್ತಲ್ಲ. ಇನ್ನು ಮುಂದೆ ಹೇಳಿಯೇ ಏರಿಸುವ.’

‘ನಿನ್ನ ಗಂಟಲಾಗ ಒಂದು ಗುಂಡಿ ಕೂಡಿಸಿ ತಿರುವಬೇಕು ನೋಡು, ಹಲ್ಕಟ್!’ ಬಸಲಿಂಗವ್ವ ಮೊರ ಕುಕ್ಕಿದಳು. ‘ಸತ್ತ ಹೆಣ ಹೊತ್ತಾವಗೂ ನಿನ್ನಕಿಂತ ನಾಚಿಕಿ ಇರ್ತದ.’

ಶಾಮಲಾ ಎದ್ದು ನಿಂತಳು. ತಿಂಗಳುಗಟ್ಟಲೆ ಒಳಗಿಟ್ಟುಕೊಂಡದ್ದೆಲ್ಲ ಒಮ್ಮೆಲೇ ಬಾಯಿಗೆ ಬಂತು. ಬಾಯಿ ತೆರೆದಳು. ಹೊರಗೆ ಬಂದದ್ದು ಗಾಳಿ. ಮತ್ತೆ ಪ್ರಯತ್ನಿಸಿದಳು. ಮತ್ತೆ ಗಾಳಿ.

ಶೇಖರ ಅವಳ ಗಂಟಲನ್ನೇ ನೋಡಿದ. ಸಂತೆಯಲ್ಲಿ ಹಣ್ಣಿನ ಮೇಲೆ ಕಲೆ ಇದೆಯೇ ಎಂದು ನೋಡುವ ಹಾಗೆ ನೋಡಿದ.

‘ಅಯ್ಯೋ, ಸ್ವರ ಪೂರಾ ಹೋಯ್ತಾ ಅಕ್ಕ?’ ಅವನ ಮುಖದಲ್ಲಿ ನಿಜವಾಗಿಯೂ ಮರುಕ ಇತ್ತು, ಅದೇ ಅವಳಿಗೆ ಹೆದರಿಕೆ ಹುಟ್ಟಿಸಿತು. ‘ತೊಂದರೆ ಇಲ್ಲ, ತಲೆಬಿಸಿ ಮಾಡ್ಬೇಡಿ. ನಿಮ್ಮ ಹಳೇ ಹಾಡೆಲ್ಲ ನಮ್ಮ ಹತ್ರ ಉಂಟು. ಐದರದ್ದೂ ಉಂಟು. ಹಾಡಿದ ಮೇಲೆ ತಿರುಗಿಸಿದ್ರೆ ಸ್ವಲ್ಪ ಕೂಸಿನ ಹಾಗೆ ಕೇಳ್ತದೆ ಅಂತ ಇಷ್ಟು ದಿನ ಬೇಡ ಅಂತಿದ್ರು, ಈಗ ತಿರುಗಿಸಿದ್ರೆ ಆಯ್ತು. ಅಲ್ಲಿರೋ ಸ್ವರಕ್ಕೆ ಶೀತ ಇಲ್ಲ, ಕೆಮ್ಮು ಇಲ್ಲ. ನೀವು ಆರಾಮ ಮಾಡಿ.’ ಎದ್ದು ಚಪ್ಪಲಿ ಮೆಟ್ಟಿಕೊಂಡ. ‘ಮಷೀನು ನಾಳೆ ಬಂದು ತಕ್ಕೊಂಡು ಹೋಗ್ತೇನೆ ಆಯ್ತಾ? ದಾದರಿನಲ್ಲಿ ಇನ್ನೊಬ್ಬರು ಅಕ್ಕ ಸಿಕ್ಕಿದ್ದಾರೆ, ಅವರಿಗೆ ಬೇಕು.’

ಅವನು ಗಿರಣಿಯ ಮುಂದೆ ಯಾರನ್ನೋ ಮಾತಾಡಿಸಿ ನಕ್ಕದ್ದು ಒಳಗೆ ಕೇಳಿಸಿತು.

ಬಸಲಿಂಗವ್ವ ನೀರು ತಂದುಕೊಟ್ಟಳು. ಶಾಮಲಾ ಕುಡಿಯಲಿಲ್ಲ. ಲೋಟ ಹಿಡಿದು ಮಾಸ್ತರರ ಮುಂದೆ ಕೂತು, ಪೇಟಿಯ ಕಡೆ ಕೈ ತೋರಿಸಿದಳು.

‘ಇವತ್ತ ಬ್ಯಾಡ ತಂಗಿ. ಡಾಕ್ಟರು ಬ್ಯಾಡ ಅಂದಾರಲ್ಲ.’

ಅವಳು ಮತ್ತೆ ಕೈ ತೋರಿಸಿದಳು. ದನಿ ಒಂಚೂರಾದರೂ ಉಳಿದಿದೆಯೇ ಎಂದು ಅವಳಿಗೆ ಗೊತ್ತಾಗಬೇಕಿತ್ತು. ಗೊತ್ತಾಗದೆ ಆ ಎರಡು ಲೋಕಲು ಹಿಡಿದು, ಕಿಟಕಿಗೆ ಹಾಸಿಗೆ ಒರಗಿಸಿದ ಆ ಮನೆಗೆ ಹಿಂತಿರುಗಿ ಹೋಗುವುದು ಅವಳಿಂದಾಗದು.

ಮಾಸ್ತರರು ನಿಟ್ಟುಸಿರು ಬಿಟ್ಟು ಪೇಟಿ ಎಳೆದುಕೊಂಡರು. ತಿದಿ ಬಿಚ್ಚಿ ಬಿಳಿ ಐದನ್ನು ಒತ್ತಿದರು. ಟೇಪಿನಲ್ಲಿ ಏದುಸಿರು ಬಿಡುತ್ತಿದ್ದ ಪೇಟಿ ಇಲ್ಲಿ ಹಾಯಾಗಿ ಉಸಿರಾಡುತ್ತಿತ್ತು. ಎಷ್ಟೋ ದಿನಗಳ ಮೇಲೆ ಅವಳ ಶ್ರುತಿ ಅವಳ ಎದುರಿಗೆ ಕೂತಿತ್ತು. ಅವಳು ಕಣ್ಣು ಮುಚ್ಚಿ ‘ಸ’ ಹಿಡಿಯಹೋದಳು. ಒಣಗಿದ ಎಲೆ ಉಜ್ಜಿದ ಸದ್ದು.

ಮಾಸ್ತರರು ಬೆರಳನ್ನು ಎಡಕ್ಕೆ ಸರಿಸಿ ನಾಲ್ಕೂವರೆ ಹಿಡಿದರು. ಅವಳು ಪ್ರಯತ್ನಿಸಿದಳು. ಇಲ್ಲ. ನಾಲ್ಕು. ಇಲ್ಲ. ಮೂರು. ಕತ್ತಲೆಯ ಬಾವಿಗೆ ಬಿದ್ದ ಕೊಡ ಹುಡುಕಲು ಪಾತಾಳಗರಡಿ ಇಳಿಸಿದ ಹಾಗೆ, ಅವರು ಮನೆಯಿಂದ ಮನೆಗೆ ಇಳಿಯುತ್ತಾ ಹೋದರು. ‘ಇಲ್ಲಿ ಐತೇನು? ಇಲ್ಲಿ?’ ಎಂದು ಮೆಲ್ಲಗೆ ಕೇಳುತ್ತಿದ್ದರು. ಬಸಲಿಂಗವ್ವ ಸೆರಗು ಬಾಯಿಗೆ ಅಡ್ಡ ಹಿಡಿದು ನಿಂತಿದ್ದಳು.

ಎರಡರಲ್ಲಿ ಒಂದು ಎಳೆ ಸಿಕ್ಕ ಹಾಗಾಗಿ ಜಾರಿಹೋಯಿತು. ಒಂದರಲ್ಲಿ ಅದೂ ಇಲ್ಲ. ಒಂದೆಂದರೆ ಗಂಡಸರ ಮನೆ, ಅದರ ಕೆಳಗೆ ಅವರೂ ಇಳಿಯುವುದು ಅಪರೂಪ. ಮಾಸ್ತರರ ಕೈ ಅಲ್ಲಿ ತಡೆಯಿತು. ಅವರು ಅವಳ ಮುಖ ನೋಡಿದರು.

ಶಾಮಲಾ ತಲೆಯಾಡಿಸಿದಳು, ಇನ್ನೂ ಕೆಳಗೆ ಹೋಗಿ ಎನ್ನುವ ಹಾಗೆ. ಬೆರಳು ಇನ್ನೂ ಎಡಕ್ಕೆ ಸರಿಯಿತು. ಪೇಟಿ ಮುಗಿಯುವ ಮರದ ಅಂಚಿಗೆ ಇನ್ನೆಷ್ಟು ಮನೆ ಉಳಿದಿವೆ ಎಂದು ಅವಳು ನೋಡಲಿಲ್ಲ. ಉಸಿರು ಎಳೆದುಕೊಂಡು ಮತ್ತೆ ಬಾಯಿ ತೆರೆದಳು.